ಚಿತ್ರಸಂಕಲನದಲ್ಲಿ ಧ್ವನಿ: ವಾಲ್ಟರ್ ಮರ್ಚನ ಕೃತಿವಿಮರ್ಶೆ

೧

ಹಸ್ತಪ್ರತಿಗಳನ್ನು ಹೋಲಿಸಿನೋಡಿ ಗ್ರಂಥವನ್ನು ಶುದ್ಧಪಾಠಕ್ಕೆ ತರುವವನನ್ನು ಕನ್ನಡದಲ್ಲಿ ಸಂಪಾದಕನೆನ್ನುವರು. ಚಲಚ್ಚಿತ್ರದ ತುಣುಕುಗಳನ್ನು ಆಯ್ದು ಜೋಡಿಸುವವನನ್ನು ಸಂಕಲನಕಾರನೆನ್ನುವರು. ಇಂಗ್ಲಿಷಿನಲ್ಲಿ ಈ ಇಬ್ಬರಿಗೂ ‘ಎಡಿಟರ್’ ಎಂಬ ಒಂದೇ ಹೆಸರು ಸಲ್ಲುತ್ತದೆ. ಕನ್ನಡದಲ್ಲಿ ಉಂಟಾಗಿರುವ ಈ ಭೇದವು ವಿಚಾರಯೋಗ್ಯವಾದುದು. ಸಂಪಾದಕನ ಮುಂದೆ ಕವಿಯು ಬರೆದು ಮುಗಿಸಿದ ಕೃತಿಯೊಂದು ಇರುತ್ತದೆ. ಕಾಲವಶದಿಂದಲೂ ಲಿಪಿಕಾರರ ಕೈತಪ್ಪಿನಿಂದಲೂ ಅದಕ್ಕೆ ಬಂದಿರುವ ವಿಕಾರಗಳನ್ನು ಕಳೆದು ಅದರ ನಿಜರೂಪವನ್ನು ತೋರಿಸುವುದೇ ಅವನ ಧರ್ಮ. ಸಂಕಲನಕಾರನ ಮುಂದಾದರೋ ಅಂಥ ಕೃತಿಯಿರುವುದಿಲ್ಲ. ಬರೆದ ಕಥೆಯಿರುತ್ತದೆ, ತೆಗೆದ ಚಿತ್ರಗಳ ರಾಶಿಯಿರುತ್ತದೆ. ಕೃತಿಯು ಅವನ ಕೈಯಲ್ಲಿಯೇ ಮೊದಲ ಸಲ ಆಗಬೇಕು.

ಗಣಿತಶಾಸ್ತ್ರದಲ್ಲಿ ಸಂಕಲನವೆಂದರೆ ಕೂಡುವುದು, ವ್ಯವಕಲನವೆಂದರೆ ಕಳೆಯುವುದು. ಚಿತ್ರಸಂಕಲನದಲ್ಲಿ ಎರಡೂ ಸೇರಿವೆ; ಲೆಕ್ಕವನ್ನು ನೋಡಿದರೆ ಕಳೆಯುವುದೇ ಹೆಚ್ಚು. ೧೯೭೯ರಲ್ಲಿ ತೆರೆಗೆ ಬಂದ ‘ಅಪಾಕ್ಲಿಪ್ಸ್ ನೌ’ ಎಂಬ ಅಮೆರಿಕದ ಚಿತ್ರಕ್ಕಾಗಿ ಮುದ್ರಿಸಿದ ಫಿಲ್ಮು ೧೨,೫೦,೦೦೦ ಅಡಿಗಳಷ್ಟಿತ್ತು. ಅದನ್ನು ಬಿಡದೆ ನೋಡಲು ೨೩೦ ಗಂಟೆಗಳಿಗೂ ಹೆಚ್ಚು ಕಾಲ ಬೇಕು. ಪ್ರೇಕ್ಷಕರು ಕಂಡದ್ದು ಸುಮಾರು ಎರಡೂವರೆ ಗಂಟೆಯ ಚಿತ್ರ. ಎಂದರೆ ಉಳಿದ ಒಂದೊಂದು ನಿಮಿಷಕ್ಕೆ ತೆಗೆದದ್ದು ೯೫ ನಿಮಿಷ. ಒಂದು ತುಣುಕು ಮುಗಿದು ಇನ್ನೊಂದು ಮೊದಲಾಗುವ ಎಡೆಗೆ ಚಿತ್ರೋದ್ಯಮದವರು ‘ಕಟ್’ ಎನ್ನುವರು; ಅದನ್ನು ಇಲ್ಲಿ ಸಂಧಿಯೆಂದು ಕರೆಯಬಹುದು. ಆ ಚಿತ್ರದಲ್ಲಿ ಉಳಿದ ಸಂಧಿಗಳನ್ನು ಸಂಕಲನಕಾರರು ದುಡಿದ ದಿನಗಳಿಗೆ ಹಂಚಿದರೆ ಒಬ್ಬೊಬ್ಬನಿಗೆ ದಿನವೊಂದಕ್ಕೆ ೧.೪೭ ಸಂಧಿ ಬೀಳುತ್ತದೆ. ಉಳಿದ ಹೊತ್ತೆಲ್ಲವೂ ಮಾಡಿ ಕೆಡಿಸಿದ ಸಂಧಿಗಳಿಗೆ ಸಂದದ್ದು.

ಈ ಲೆಕ್ಕವನ್ನು ಕೊಟ್ಟವನು ಆ ಚಿತ್ರದ ನಾಲ್ವರು ಸಂಕಲನಕಾರರಲ್ಲಿ ಒಬ್ಬನಾದ ವಾಲ್ಟರ್ ಮರ್ಚ್. ಪ್ರೇಕ್ಷಕನ ಕಣ್ಣಿಗೆ ಬೀಳದಿರುವುದೇ ಒಳ್ಳೆಯ ಸಂಕಲನದ ಲಕ್ಷಣವೆಂದು ಸಾಮಾನ್ಯವಾಗಿ ಹೇಳುವುದುಂಟು. ಈ ಲಕ್ಷಣವು ಸಾಲದು. ಕಾಣದಿರುವುದೆಂದರೆ ದೋಷವಿಲ್ಲದಿರುವುದು, ದೋಷಾಭಾವವೇ ಗುಣವಾಗಲಾರದು. ಹಾಗಾದರೆ ಸಂಕಲನಕಾರನ ಕೆಲಸವನ್ನು ಯಾವ ಅಳತೆಯಿಂದ ಅಳೆಯಬೇಕು? ಅವನು ಉಂಟುಮಾಡಿದ ಅರ್ಥವು ಯಾರದು? ಈ ಎರಡು ಪ್ರಶ್ನೆಗಳಿಗೆ ಮರ್ಚನ ವೃತ್ತಿಜೀವನದಲ್ಲಿ ಉತ್ತರವನ್ನು ಹುಡುಕುವುದೇ ಪ್ರಕೃತ ಲೇಖನದ ಉದ್ದೇಶ.

೨

ಮರ್ಚನು ೧೯೪೩ನೆಯ ಜುಲೈ ೧೨ರಂದು ನ್ಯೂಯಾರ್ಕಿನಲ್ಲಿ ಹುಟ್ಟಿದನು. ತಂದೆ ವಾಲ್ಟರ್ ಟ್ಯಾಂಡಿ ಮರ್ಚ್ ಜಡವಸ್ತುಗಳ ಚಿತ್ರಣದಿಂದ ಹೆಸರಾದ ವರ್ಣಚಿತ್ರಕಾರ. ಟೇಪ್ ರೆಕಾರ್ಡರಿನಲ್ಲಿ ಸದ್ದುಗಳನ್ನು ಹಿಡಿದು, ಆ ಪಟ್ಟಿಯನ್ನು ಕತ್ತರಿಸಿ, ಹಿಂದುಮುಂದು ಮಾಡಿ ಅಂಟಿಸಿ ಕೇಳುವುದು ಬಾಲಕನ ಆಟವಾಗಿತ್ತು. ಫ್ರಾನ್ಸಿನ ಪಿಯೆರ್ ಶೆಫರ್ ಮತ್ತು ಪಿಯೆರ್ ಆನ್ರಿ ಎಂಬುವರು ಇದೇ ರೀತಿಯಲ್ಲಿ ಲೋಕದ ಸದ್ದುಗಳಿಂದಲೇ ಸಂಗೀತವನ್ನು ಕಟ್ಟುತ್ತಿದ್ದರೆಂಬುದು ಅವನಿಗೆ ರೇಡಿಯೋದಿಂದ ತಿಳಿಯಿತು. ಮುಂದೆ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾನಿಲಯದಲ್ಲಿ ಕಲೆಯ ಇತಿಹಾಸವನ್ನೂ ಲ್ಯಾಟಿನ್ ಮೂಲದ ಭಾಷೆಗಳನ್ನೂ ಓದಿ, ದಕ್ಷಿಣ ಕ್ಯಾಲಿಫೋರ್ನಿಯ ವಿಶ್ವವಿದ್ಯಾನಿಲಯದಲ್ಲಿ ಸಿನಿಮಾ ಶಿಕ್ಷಣವನ್ನು ಪಡೆದನು. ಅಲ್ಲಿ ಜಾರ್ಜ್ ಲ್ಯೂಕಸನು ಜೊತೆಯ ವಿದ್ಯಾರ್ಥಿ. ೧೯೬೯ರಲ್ಲಿ ಫ್ರಾನ್ಸಿಸ್ ಫೋರ್ಡ್ ಕೊಪೊಲನೂ ಲ್ಯೂಕಸನೂ ಸ್ಯಾನ್‌ಫ್ರಾನ್ಸಿಸ್ಕೋ ನಗರದಲ್ಲಿ ಅಮೆರಿಕನ್ ಜೊಯೆಟ್ರೋಪ್ ಎಂಬ ಸಂಸ್ಥೆಯನ್ನು ಸ್ಥಾಪಿಸಿದಾಗ ಮರ್ಚನೂ ಅವರನ್ನು ಕೂಡಿಕೊಂಡನು.

ಮೊದಲು ಆತನ ಕೈಗೆ ಬಂದದ್ದು ಚಿತ್ರವಲ್ಲ, ಶಬ್ದ. ‘ದ ಗಾಡ್‌ಫಾದರ್’ (೧೯೭೨), ‘ಅಮೆರಿಕನ್ ಗ್ರಾಫಿಟಿ’ (೧೯೭೩) ಎಂಬ ಚಿತ್ರಗಳ ಶಬ್ದಕಾರ್ಯವಾದಮೇಲೆ, ‘ದ ಕಾನ್ವರ್ಸೇಷನ್’ (೧೯೭೪) ಚಿತ್ರದಲ್ಲಿ ಶಬ್ದವೂ ಚಿತ್ರವೂ ಕೂಡಿಬಂದವು. ‘ಅಪಾಕ್ಲಿಪ್ಸ್ ನೌ’ ಚಿತ್ರದ ಶಬ್ದಕ್ಕಾಗಿ ಆಸ್ಕರ್ ಪ್ರಶಸ್ತಿ ಬಂದಿತು. ‘ದ ಇಂಗ್ಲಿಷ್ ಪೇಷೆಂಟ್’ (೧೯೯೬) ಚಿತ್ರಕ್ಕೆ ಸಂಕಲನ, ಶಬ್ದ ಎರಡರ ಪ್ರಶಸ್ತಿಗಳೂ ಒಬ್ಬನಿಗೇ ದೊರೆತವು. ಇದರ ಸಂಕಲನವು ಫಿಲ್ಮಿನ ಮೇಲೆ ಮೊದಲಾಗಿ ನಡುವೆ ಗಣಕಯಂತ್ರಕ್ಕೆ ವರ್ಗವಾಯಿತು. ಯಂತ್ರದಲ್ಲಿ ಸಂಕಲಿಸಿದ ಚಿತ್ರಕ್ಕೆ ಆ ಪ್ರಶಸ್ತಿ ಬಂದದ್ದು ಅದೇ ಮೊದಲು. ೧೯೮೫ರಲ್ಲಿ ಆತನೇ ನಿರ್ದೇಶಿಸಿದ ‘ರಿಟರ್ನ್ ಟು ಆಸ್’ ಗಳಿಕೆಯಲ್ಲಿ ಸೋತಿತು. ದೂರದರ್ಶನದಲ್ಲಿ ಆತನ ಕೆಲಸ ಅಲ್ಪ. ೨೦೧೧ರಲ್ಲಿ ‘ಸ್ಟಾರ್ ವಾರ್ಸ್: ದ ಕ್ಲೋನ್ ವಾರ್ಸ್’ ಮಾಲೆಯ ಒಂದು ಕಂತನ್ನು ನಿರ್ದೇಶಿಸಿದನು. ಇಟಲಿಯ ಕುರ್ತ್ಸಿಯೋ ಮಲಪಾರ್ತೆಯ ಬರಹಗಳನ್ನು ಆತನು ಇಂಗ್ಲಿಷಿಗೆ ಅನುವಾದಿಸಿರುವುದೂ ಸಾಹಿತ್ಯದ ಅಧ್ಯಾಪಕರು ಗಮನಿಸತಕ್ಕ ಸಂಗತಿ. ‘ದ ಇಂಗ್ಲಿಷ್ ಪೇಷೆಂಟ್’ ಕಾದಂಬರಿಯ ಕರ್ತೃ ಮೈಕೆಲ್ ಒಂಡಾಟ್ಜಿಯು ಆತನೊಡನೆ ನಡೆಸಿದ ಸಂವಾದಗಳು ೨೦೦೨ರಲ್ಲಿ ಗ್ರಂಥರೂಪವಾಗಿ ಬಂದವು.

೩

೧೯೮೮ರಲ್ಲಿ ಆಸ್ಟ್ರೇಲಿಯದ ಸಿಡ್ನಿಯಲ್ಲಿ ಕೊಟ್ಟ ಉಪನ್ಯಾಸವನ್ನು ಬೆಳೆಸಿ ಮರ್ಚನು ೧೯೯೫ರಲ್ಲಿ ‘ಇನ್ ದ ಬ್ಲಿಂಕ್ ಆಫ್ ಆನ್ ಐ’ ಎಂಬ ಚಿಕ್ಕ ಗ್ರಂಥವನ್ನು ಪ್ರಕಟಿಸಿದನು. ಕಣ್ಣೆವೆಯಿಕ್ಕುವಷ್ಟರಲ್ಲಿ ಎಂಬುದು ಆ ಹೆಸರಿನ ಅರ್ಥ. ‘ದ ಕಾನ್ವರ್ಸೇಷನ್’ ಚಿತ್ರವನ್ನು ಸಂಕಲಿಸುವಾಗ, ತಾನು ತುಣುಕನ್ನು ಎಲ್ಲಿ ನಿಲ್ಲಿಸಬೇಕೆಂದುಕೊಳ್ಳುತ್ತಿದ್ದನೋ ಅಲ್ಲಿಯೇ ನಾಯಕನಟ ಜೀನ್ ಹ್ಯಾಕ್‌ಮನ್ ಎವೆಯಿಕ್ಕುತ್ತಿದ್ದುದನ್ನು ಮರ್ಚನು ಮತ್ತೆಮತ್ತೆ ಕಂಡನು. ಮನುಷ್ಯನು ಎವೆಯಿಕ್ಕುವುದು ಕಣ್ಣು ಒಣಗದಿರಲೆಂದು ಮಾತ್ರವಲ್ಲ, ಒಂದು ಆಲೋಚನೆಯಿಂದ ಮತ್ತೊಂದಕ್ಕೆ ದಾಟುವಾಗ ನಡುವೆ ಗೆರೆಯೆಳೆಯುವುದಕ್ಕಾಗಿ ಎಂಬುದು ಆತನ ಊಹೆ. ಹಾಗಿದ್ದರೆ ಸಂಧಿಯೂ ಪ್ರೇಕ್ಷಕನ ಪರವಾಗಿ ಇಕ್ಕಿದ ಎವೆಯಾಗುತ್ತದೆ. ಶರೀರಶಾಸ್ತ್ರದ ದೃಷ್ಟಿಯಿಂದ ಇದು ಸಿದ್ಧವಾಗಬೇಕಾದ ಮಾತು. ಕಲೆಯ ದೃಷ್ಟಿಯಿಂದ ಇದರ ಸಾರವು ಸ್ಪಷ್ಟವಾಗಿದೆ. ಸಂಧಿಯು ತುಣುಕಿನ ಉದ್ದವನ್ನಲ್ಲ, ಮನಸ್ಸಿನ ನಡಿಗೆಯನ್ನು ಅನುಸರಿಸಬೇಕು.

ಆ ಗ್ರಂಥದ ಮುಖ್ಯಸಿದ್ಧಾಂತ ಷಟ್ಸೂತ್ರಿ. ಒಳ್ಳೆಯ ಸಂಧಿಯನ್ನು ತೂಗುವುದಕ್ಕೆ ಮರ್ಚನು ಆರು ಅಂಶಗಳನ್ನು ಹೇಳಿ, ನೂರಕ್ಕೆ ಇಷ್ಟೆಂದು ಬೆಲೆಕಟ್ಟುತ್ತಾನೆ: ಭಾವ ೫೧, ಕಥೆ ೨೩, ಲಯ ೧೦, ನೋಟದ ಜಾಡು ೭, ತೆರೆಯ ಸಮತಲದ ಹೊಂದಿಕೆ ೫, ನಿಜಸ್ಥಳದ ಹೊಂದಿಕೆ ೪. ಪಾತ್ರವು ಹಿಂದಿನ ತುಣುಕಿನಲ್ಲಿ ಎಲ್ಲಿ ನಿಂತಿತ್ತೋ ಮುಂದಿನ ತುಣುಕಿನಲ್ಲಿಯೂ ಅಲ್ಲಿಯೇ ಇರಬೇಕೆಂಬ ನಿಯಮವನ್ನು ಚಿತ್ರಶಾಲೆಗಳು ಮೊದಲ ಪಾಠವಾಗಿ ಕಲಿಸುತ್ತವೆ. ಮರ್ಚನ ಪಟ್ಟಿಯಲ್ಲಿ ಅದಕ್ಕೆ ಕಡೆಯ ಸ್ಥಾನ. ಎಲ್ಲವನ್ನೂ ಉಳಿಸಿಕೊಳ್ಳಲಾಗದಿದ್ದರೆ ಕೆಳಗಿನಿಂದ ಮೇಲಕ್ಕೆ ಒಂದೊಂದನ್ನೇ ಬಿಟ್ಟುಕೊಡಬೇಕು. ಭಾವವನ್ನು ಮಾತ್ರ ಎಂದಿಗೂ ಬಿಡಬಾರದು. ಭಾವವನ್ನು ಅಂಕಿಗಳಿಂದ ತೂಗುವುದು ವಿನೋದವೆಂದು ತೋರಬಹುದು. ಆ ವಿನೋದವು ಅರ್ಧ ನಿಜವೆಂಬುದನ್ನು ಆತನೂ ಬಲ್ಲನು. ಉಳಿದ ಐದೂ ಕೂಡಿದರೆ ೪೯. ಅವೆಲ್ಲವೂ ಒಟ್ಟಾಗಿ ಬಂದರೂ ಭಾವಕ್ಕೆ ಸಾಟಿಯಾಗವೆಂಬುದೇ ಈ ಅಂಕಿಗಳ ತಾತ್ಪರ್ಯ.

ಸಂಸ್ಕೃತ ಅಲಂಕಾರಶಾಸ್ತ್ರವನ್ನು ಬಲ್ಲವರಿಗೆ ಇದು ಹೊಸ ಮಾತಲ್ಲ. ರಸಭಂಗಕ್ಕೆ ಅನೌಚಿತ್ಯವೊಂದೇ ಕಾರಣವೆಂದು ಆನಂದವರ್ಧನನು ಒಂಬತ್ತನೆಯ ಶತಮಾನದಲ್ಲಿ ಹೇಳಿದನು; ಹನ್ನೊಂದನೆಯ ಶತಮಾನದ ಕ್ಷೇಮೇಂದ್ರನು ಔಚಿತ್ಯವನ್ನು ರಸವತ್ಕಾವ್ಯದ ಜೀವಿತವೆಂದು ಎತ್ತಿಹಿಡಿದು ಪದ, ವಾಕ್ಯ, ದೇಶ, ಕಾಲ ಮುಂತಾದ ಅಂಶಗಳಲ್ಲಿ ಅದನ್ನು ಪರೀಕ್ಷಿಸಿದನು. ದೇಶೌಚಿತ್ಯವೂ ಕಾಲೌಚಿತ್ಯವೂ ಇರಬೇಕು. ಆದರೆ ಅವು ರಸಕ್ಕಾಗಿ ಇರಬೇಕಲ್ಲದೆ ರಸವು ಅವಕ್ಕಾಗಿ ಇರಬಾರದು. ಷಟ್ಸೂತ್ರಿಯ ಕ್ರಮವೂ ಇದೇ. ಮರ್ಚನು ಅದೇ ಗ್ರಂಥದಲ್ಲಿ ಜೇನುಗೂಡಿನ ದೃಷ್ಟಾಂತವೊಂದನ್ನು ಕೊಡುತ್ತಾನೆ. ಗೂಡನ್ನು ಎರಡು ಅಂಗುಲ ಸರಿಸಿದರೆ ಜೇನುನೊಣಗಳಿಗೆ ತೊಂದರೆಯಿಲ್ಲ. ಎರಡು ಮೈಲಿ ಒಯ್ದರೂ ಅವು ಹೊಸ ನೆಲವನ್ನು ಹೊಸದಾಗಿಯೇ ಗುರುತಿಸಿಕೊಳ್ಳುತ್ತವೆ. ಎರಡು ಗಜ ಸರಿಸಿದರೆ ಮಾತ್ರ ದಿಕ್ಕುಗೆಡುತ್ತವೆ. ಸಂಧಿಯಲ್ಲಿಯೂ ತೀರ ಹತ್ತಿರದ ವ್ಯತ್ಯಾಸವೂ ತೀರ ದೂರದ ವ್ಯತ್ಯಾಸವೂ ಸಲ್ಲುತ್ತವೆ. ಅರೆಬರೆಯ ವ್ಯತ್ಯಾಸವು ಸಲ್ಲದು. ಸಂಧಿಯ ಔಚಿತ್ಯಕ್ಕೆ ಇದಕ್ಕಿಂತ ಸುಲಭವಾದ ನಿದರ್ಶನವು ಸಿಕ್ಕುವುದು ಕಷ್ಟ.

೪

ಔಚಿತ್ಯವು ಅಳತೆಯಾದರೆ ಅಳೆಯತಕ್ಕ ವಸ್ತುವಾವುದು? ಅದು ವ್ಯಂಜನೆ. ೧೯೨೦ರ ಸುಮಾರಿನಲ್ಲಿ ರಷ್ಯದ ಲೆವ್ ಕುಲೆಶೋವನು ನಟನೊಬ್ಬನ ನಿರ್ವಿಕಾರವಾದ ಮುಖದ ಒಂದೇ ತುಣುಕನ್ನು ಸಾರಿನ ಬಟ್ಟಲೊಂದರ ಪಕ್ಕದಲ್ಲಿಯೂ ಶವಪೆಟ್ಟಿಗೆಯ ಪಕ್ಕದಲ್ಲಿಯೂ ಜೋಡಿಸಿ ತೋರಿಸಿದನು. ನೋಡಿದವರು ಅದೇ ಮುಖದಲ್ಲಿ ಒಮ್ಮೆ ಹಸಿವನ್ನೂ ಒಮ್ಮೆ ಶೋಕವನ್ನೂ ಕಂಡರೆಂದು ಪ್ರಸಿದ್ಧಿ. ಮಮ್ಮಟನು ‘ಕಾವ್ಯಪ್ರಕಾಶ’ದಲ್ಲಿ ಅರ್ಥವು ಅರ್ಥಾಂತರವನ್ನು ಸೂಚಿಸುವುದಕ್ಕೆ ಸಹಾಯಕವಾದ ಸಂಗತಿಗಳನ್ನು ಎಣಿಸುವಾಗ ಕಾಕುವನ್ನೂ ಅನ್ಯಸನ್ನಿಧಿಯನ್ನೂ ಹೇಳಿದ್ದಾನೆ. ಅನ್ಯಸನ್ನಿಧಿಯೆಂದರೆ ಆತನ ಮಟ್ಟಿಗೆ, ಆಡಿದ ಮಾತು ಕಿವಿಗೆ ಬೀಳುವಂತೆ ಬೇರೊಬ್ಬನು ಹತ್ತಿರವಿರುವುದು. ಆ ಮಾತನ್ನು ಒಂದು ಚಿತ್ರದ ಹತ್ತಿರ ಇನ್ನೊಂದು ಚಿತ್ರವಿರುವುದಕ್ಕೆ ವಿಸ್ತರಿಸಿದರೆ ಅದೇ ಸಂಕಲನದ ಮೂಲತತ್ತ್ವವಾಗುತ್ತದೆ.

ಮರ್ಚನ ವಿಶೇಷವೆಂದರೆ ಆತನು ಚಿತ್ರಕ್ಕೆ ಚಿತ್ರವನ್ನಲ್ಲದೆ ಸದ್ದನ್ನೂ ಸನ್ನಿಹಿತವಾಗಿ ಇಟ್ಟದ್ದು. ವೈಯಾಕರಣರು ಕಿವಿಗೆ ಬೀಳುವ ವರ್ಣಗಳನ್ನು ಧ್ವನಿಯೆಂದು ಕರೆದಿದ್ದರು. ಆನಂದವರ್ಧನನು ಆ ಹೆಸರನ್ನು ಅವರಿಂದಲೇ ಪಡೆದು ಕಾವ್ಯದ ವ್ಯಂಗ್ಯಾರ್ಥಕ್ಕೆ ಸಲ್ಲಿಸಿದನು. ಮರ್ಚನ ಕೆಲಸದಲ್ಲಿ ಆ ಶಬ್ದದ ಎರಡು ಅರ್ಥಗಳೂ ಒಂದೆಡೆ ಸೇರುತ್ತವೆ. ರಸಧ್ವನಿಗೆ ‘ದ ಗಾಡ್‌ಫಾದರ್’ ಚಿತ್ರದ ಭೋಜನಶಾಲೆಯ ಪ್ರಸಂಗವನ್ನು ನೋಡಬಹುದು. ಅದುವರೆಗೆ ಮನೆತನದ ಪಾತಕಗಳಿಂದ ದೂರವಿದ್ದ ಮೈಕೆಲನು ಇಬ್ಬರು ಶತ್ರುಗಳನ್ನು ಕೊಲ್ಲಬೇಕೆಂದು ಅವರೆದುರಿಗೇ ಕುಳಿತಿದ್ದಾನೆ. ಮಾತು ಇಟಾಲಿಯನ್ ಭಾಷೆಯಲ್ಲಿ ನಡೆಯುತ್ತದೆ; ತೆರೆಯ ಮೇಲೆ ಅದರ ಅನುವಾದವಿಲ್ಲ. ಸಂಗೀತವೂ ಇಲ್ಲ. ಹೊರಗೆ ಎಲ್ಲಿಯೋ ರೈಲುಗಾಡಿಯೊಂದು ಕಿರುಗುಟ್ಟುತ್ತ ಹತ್ತಿರವಾಗುತ್ತದೆ. ಆ ಗಾಡಿಯನ್ನು ಚಿತ್ರದಲ್ಲಿ ಒಮ್ಮೆಯೂ ತೋರಿಸಿಲ್ಲ. ಸದ್ದು ತಡೆಯಲಾರದಷ್ಟಾದಾಗ ಗುಂಡು ಹಾರುತ್ತದೆ. ನಟನ ಮುಖ ಹೆಚ್ಚು ಚಲಿಸುವುದಿಲ್ಲ. ಅವನ ಶಂಕೆ, ಆವೇಗ, ಜಡತೆ ಎಂಬ ಸಂಚಾರಿಗಳೆಲ್ಲವೂ ಆ ಕಬ್ಬಿಣದ ಕಿರುಗುಟ್ಟುವಿಕೆಯಿಂದ ಸೂಚಿತವಾಗುತ್ತವೆ. ಸಂಗೀತವಿದ್ದಿದ್ದರೆ ಭಾವವು ವಾಚ್ಯವಾಗಿಬಿಡುತ್ತಿತ್ತು.

ಅಲಂಕಾರಧ್ವನಿಗೆ ಎರಡು ನಿದರ್ಶನಗಳು ಸಾಕು. ‘ಅಪಾಕ್ಲಿಪ್ಸ್ ನೌ’ ಚಿತ್ರದ ಮೊದಲಲ್ಲಿ ಸೈಗಾನ್ ನಗರದ ಹೋಟೆಲಿನ ಕೋಣೆಯಲ್ಲಿ ಸೈನಿಕನೊಬ್ಬನು ಮಲಗಿದ್ದಾನೆ. ತಲೆಯ ಮೇಲೆ ತಿರುಗುವ ಫ್ಯಾನಿನೊಡನೆ ಹೆಲಿಕಾಪ್ಟರಿನ ರೆಕ್ಕೆಯ ಸದ್ದು ಬೆರೆಯುತ್ತದೆ. ಒಂದನ್ನು ಮತ್ತೊಂದೆಂದು ಬಗೆಯುವ ಭ್ರಾಂತಿಮದಲಂಕಾರವಿದು. ಯುದ್ಧವು ಅವನ ತಲೆಯೊಳಗೆ ನಿಂತಿಲ್ಲವೆಂಬುದನ್ನು ಒಂದು ಮಾತೂ ಇಲ್ಲದೆ ಹೇಳುತ್ತದೆ. ‘ದ ಇಂಗ್ಲಿಷ್ ಪೇಷೆಂಟ್’ ಚಿತ್ರದ ಮೊದಲಲ್ಲಿ ಕುಂಚವು ಕಾಗದದ ಮೇಲೆ ಈಜುವ ಮನುಷ್ಯಾಕೃತಿಯನ್ನು ಬರೆಯುತ್ತದೆ. ಕಾಗದವು ಕರಗಿ ಮರಳುಗಾಡಾಗುತ್ತದೆ. ಅದರ ಮೇಲೆ ವಿಮಾನದ ನೆರಳು ಹರಿಯುತ್ತದೆ. ಇಲ್ಲಿ ಉಪಮೆಯುಂಟು, ಉಪಮಾವಾಚಕವಿಲ್ಲ.

೫

ವಸ್ತುಧ್ವನಿಯ ನಿದರ್ಶನವೇ ಎಲ್ಲಕ್ಕಿಂತ ಮುಖ್ಯವಾದುದು; ಎರಡನೆಯ ಪ್ರಶ್ನೆಯೂ ಅದರಿಂದಲೇ ಹುಟ್ಟುತ್ತದೆ. ‘ದ ಕಾನ್ವರ್ಸೇಷನ್’ ಚಿತ್ರದ ನಾಯಕ ಹ್ಯಾರಿ ಕಾಲ್ ಹಣಕ್ಕಾಗಿ ಪರರ ಮಾತನ್ನು ಕದ್ದುಕೇಳುವವನು. ಸ್ಯಾನ್‌ಫ್ರಾನ್ಸಿಸ್ಕೋ ನಗರದ ಯೂನಿಯನ್ ಸ್ಕ್ವೇರಿನ ಜನಸಂದಣಿಯಲ್ಲಿ ಅಡ್ಡಾಡುವ ತರುಣ ತರುಣಿಯರ ಮಾತನ್ನು ಅವನು ಟೇಪಿನಲ್ಲಿ ಹಿಡಿಯುತ್ತಾನೆ. ಅವಕಾಶ ಸಿಕ್ಕಿದರೆ ಆತನು ತಮ್ಮನ್ನು ಕೊಂದುಬಿಡುವನೆಂಬ ಅರ್ಥದ ವಾಕ್ಯವೊಂದು ಅದರಲ್ಲಿದೆ. ಒತ್ತು ಕೊಲ್ಲುವುದರ ಮೇಲಿದೆ; ಆದ್ದರಿಂದ ಆ ಇಬ್ಬರು ಪ್ರಾಣಭಯದಲ್ಲಿರುವರೆಂದು ಹ್ಯಾರಿಯೂ ಪ್ರೇಕ್ಷಕನೂ ತಿಳಿಯುತ್ತಾರೆ. ಕಡೆಯಲ್ಲಿ ಅದೇ ವಾಕ್ಯವು ಮತ್ತೆ ಕೇಳಿಸುತ್ತದೆ. ಈಗ ಒತ್ತು ‘ತಮ್ಮನ್ನು’ ಎಂಬುದರ ಮೇಲೆ. ಆತನು ನಮ್ಮನ್ನೇ ಕೊಲ್ಲುವವನಾದ್ದರಿಂದ ನಾವು ಆತನನ್ನು ಕೊಂದರೆ ತಪ್ಪೇನು ಎಂಬುದು ಅದರ ವ್ಯಂಗ್ಯ. ಹತರಾಗುವವರೆಂದುಕೊಂಡವರೇ ಹಂತಕರೆಂದು ಹ್ಯಾರಿಗೆ ತಿಳಿಯುವ ವೇಳೆಗೆ ಕಾಲ ಮೀರಿಹೋಗಿದೆ. ಪದಗಳು ಅವೇ, ಕಾಕು ಬೇರೆ, ಕಥೆಯೇ ತಲೆಕೆಳಗು.

ಈ ಎರಡನೆಯ ಕಾಕುವು ಒದಗಿದ ಬಗೆ ಹೀಗೆ. ಚೌಕದಲ್ಲಿ ಹಿಡಿದ ಸಂಭಾಷಣೆಯು ಕೆಲವೆಡೆ ಕೆಟ್ಟಿದ್ದುದರಿಂದ ಮರ್ಚನು ನಟರನ್ನು ನಿಶ್ಶಬ್ದವಾದ ಬೇರೊಂದು ಸ್ಥಳಕ್ಕೆ ಕರೆದೊಯ್ದು ಅದೇ ಮಾತುಗಳನ್ನು ಹಲವು ಸಲ ಆಡಿಸಿದನು. ಒಂದು ಸಲ ನಟನು ಒತ್ತನ್ನು ಬೇರೆಡೆ ಇಟ್ಟನು. ತಪ್ಪೆಂದು ಅದನ್ನು ಪಕ್ಕಕ್ಕಿಟ್ಟದ್ದಾಯಿತು. ಬಹುಕಾಲದ ಮೇಲೆ ಶಬ್ದಮಿಶ್ರಣದ ಕಡೆಯ ಘಟ್ಟದಲ್ಲಿ ಮರ್ಚನಿಗೆ ಅದು ನೆನಪಾಯಿತು. ಕೊಪೊಲನು ಆ ವೇಳೆಗೆ ಮುಂದಿನ ಚಿತ್ರದಲ್ಲಿ ಮಗ್ನನಾಗಿದ್ದನು. ಬರೆದ ದೃಶ್ಯಗಳಲ್ಲಿ ಕೆಲವನ್ನು ತೆಗೆದೇ ಇರಲಿಲ್ಲ. ಇದ್ದುದನ್ನು ಕೂಡಿಸಿ ಕಥೆಯನ್ನು ನಿಲ್ಲಿಸುವ ಹೊಣೆ ಮರ್ಚನ ಮೇಲೆಯೂ ಜೊತೆಯ ಸಂಕಲನಕಾರ ರಿಚರ್ಡ್ ಚ್ಯೂನ ಮೇಲೆಯೂ ಬಿದ್ದಿತ್ತು. ನಟನ ತಪ್ಪು ಸಂಕಲನಕಾರನ ಕೈಯಲ್ಲಿ ಗುಣವಾಯಿತು. ನಿರ್ದೇಶಕನು ಅದನ್ನು ಒಪ್ಪಿದನು.

ಇದಕ್ಕೆ ಆಕ್ಷೇಪವುಂಟು. ಟೇಪು ಒಂದೇ ಆಗಿರುವಾಗ ಅದರಲ್ಲಿಯ ಒತ್ತು ಬದಲಾಗುವುದು ಹೇಗೆ? ಪ್ರೇಕ್ಷಕನಿಗೆ ಮೊದಲು ಒಂದನ್ನು ಕೇಳಿಸಿ ಆಮೇಲೆ ಬೇರೊಂದನ್ನು ಕೇಳಿಸಿದರೆ ವಂಚನೆಯಾಗುವುದಿಲ್ಲವೆ? ಸಮಾಧಾನವನ್ನು ಚಿತ್ರದಲ್ಲಿಯೇ ಹುಡುಕಬೇಕು. ಹ್ಯಾರಿಯು ಮಾತನ್ನು ನಿಷ್ಕೃಷ್ಟವಾಗಿ ಹಿಡಿಯುವುದರಲ್ಲಿ ಪ್ರವೀಣ. ಅರ್ಥ ತನ್ನ ಹೊಣೆಯಲ್ಲವೆಂಬುದು ಅವನ ಹೆಮ್ಮೆ. ಅಂಥವನೂ ಕೇಳಿದ್ದು ಟೇಪಿನಲ್ಲಿದ್ದುದನ್ನಲ್ಲ, ತನ್ನ ಮರುಕವು ಕೇಳಬಯಸಿದ್ದನ್ನು. ಆದ್ದರಿಂದ ಬದಲಾದದ್ದು ಟೇಪಲ್ಲ, ಅದನ್ನು ಕೇಳುವ ಮನಸ್ಸು. ನಿಜಸ್ಥಳದ ಹೊಂದಿಕೆಗೆ ಭಾವವನ್ನು ಬಲಿಗೊಡಬಾರದೆಂಬ ಸೂತ್ರವನ್ನು ಮರ್ಚನು ಬರೆಯುವುದಕ್ಕೆ ಬಹಳ ಮೊದಲೇ ಆಚರಿಸಿದ್ದನೆಂದು ಇದರಿಂದ ತಿಳಿಯುತ್ತದೆ.

ಹಾಗಾದರೆ ಆ ಅರ್ಥ ಯಾರದು? ಕನ್ನಡನಾಡಿನಲ್ಲಿ ಕುಮಾರವ್ಯಾಸಭಾರತವನ್ನು ಓದುವ ಗಮಕಿಯನ್ನು ಇಲ್ಲಿ ನೆನೆಯಬಹುದು. ಪದ್ಯವು ಕವಿಯದು, ಆದರೆ ಯಾವ ಪದದ ಮೇಲೆ ನಿಲ್ಲಬೇಕು, ಎಲ್ಲಿ ದನಿಯನ್ನು ತಗ್ಗಿಸಬೇಕು ಎಂಬುದು ಗಮಕಿಯದು. ಒಳ್ಳೆಯ ಗಮಕಿಯ ಬಾಯಲ್ಲಿ ಬಂದ ಕಾಕುವು ಪದ್ಯದಲ್ಲಿ ಇದ್ದದ್ದೇ ಎಂದು ಕೇಳಿದವನಿಗೆ ತೋರುತ್ತದೆ. ಸಂಕಲನಕಾರನ ಕರ್ತೃತ್ವವೂ ಅಂಥದು. ಭೇದವಿಷ್ಟೆ: ಗಮಕಿಯು ಓದಿ ಮುಗಿಸಿದಮೇಲೂ ಪದ್ಯವು ಓಲೆಯಲ್ಲಿ ಇದ್ದಂತೆಯೇ ಇರುತ್ತದೆ, ಸಂಕಲನಕಾರನ ಓದು ಮಾತ್ರ ಕೃತಿಯಲ್ಲಿ ಕರಗಿ ಶಾಶ್ವತವಾಗಿಬಿಡುತ್ತದೆ.

೬

ಸಂಕ�ಲನಕಾರನೇ ಸಂಪಾದಕನಾಗಬೇಕಾದ ಪ್ರಸಂಗವೂ ಮರ್ಚನಿಗೆ ಒದಗಿತು. ಆರ್ಸನ್ ವೆಲ್ಸನ ‘ಟಚ್ ಆಫ್ ಈವಿಲ್’ ಚಿತ್ರವನ್ನು ನಿರ್ಮಾಣಸಂಸ್ಥೆಯು ಆತನ ಕೈಯಿಂದ ತೆಗೆದುಕೊಂಡು ಬೇರೆ ರೀತಿಯಲ್ಲಿ ಸಂಕಲಿಸಿತ್ತು. ಅದನ್ನು ನೋಡಿ ವೆಲ್ಸನು ೧೯೫೭ರ ಡಿಸೆಂಬರಿನಲ್ಲಿ ೫೮ ಪುಟಗಳ ಮನವಿಯೊಂದನ್ನು ಬರೆದನು. ಅದರಲ್ಲಿ ಹೆಚ್ಚಿನದು ನೆರವೇರದೆ ೧೯೫೮ರಲ್ಲಿ ಚಿತ್ರವು ಹೊರಬಂದಿತು. ವೆಲ್ಸನು ೧೯೮೫ರಲ್ಲಿ ತೀರಿಕೊಂಡನು. ೧೯೯೮ರಲ್ಲಿ ನಿರ್ಮಾಪಕ ರಿಕ್ ಶ್ಮಿಡ್ಲಿನನೊಡನೆ ಮರ್ಚನು ಆ ಮನವಿಯನ್ನು ಹಿಡಿದು ಚಿತ್ರವನ್ನು ಮತ್ತೆ ಸಂಕಲಿಸಿದನು. ಮೂರು ನಿಮಿಷಕ್ಕೂ ಮಿಕ್ಕಿದ ಮೊದಲ ಅಖಂಡ ದೃಶ್ಯದ ಮೇಲೆ ಹರಡಿದ್ದ ಹೆಸರುಗಳನ್ನೂ ಹೆನ್ರಿ ಮ್ಯಾನ್ಸಿನಿಯ ವಾದ್ಯಸಂಗೀತವನ್ನೂ ತೆಗೆದು, ಗಡಿಯೂರಿನ ಬೀದಿಯಲ್ಲಿ ಒಂದೊಂದು ಬಾಗಿಲಿನಿಂದಲೂ ಹಾದುಹೋಗುವ ಕಾರಿನ ರೇಡಿಯೋದಿಂದಲೂ ಬರುವ ಹಾಡುಗಳು ಒಂದಾದಮೇಲೊಂದು ಕೇಳಿಬರುವಂತೆ ಮಾಡಿದನು. ಕಾರಿನಲ್ಲಿ ಬಾಂಬಿದೆಯೆಂಬುದನ್ನು ಬಲ್ಲ ಪ್ರೇಕ್ಷಕನಿಗೆ ಆ ರೇಡಿಯೋದ ಹಾಡೇ ಈಗ ಭಯದ ಸುಳಿವಾಗುತ್ತದೆ.

ಇದು ಪಾಠಪರಿಷ್ಕರಣವೆ? ಮಹಾಭಾರತದ ಪುಣೆಯ ಸಂಶೋಧಿತ ಆವೃತ್ತಿಯಲ್ಲಿ ಸ್ವೀಕೃತಪಾಠವು ಮೇಲೆ ಇದ್ದರೆ, ಬಿಟ್ಟ ಪಾಠಾಂತರಗಳೆಲ್ಲವೂ ಅಡಿಯಲ್ಲಿ ಇವೆ. ಓದುವವನು ಸಂಪಾದಕನ ನಿರ್ಣಯವನ್ನು ಪರೀಕ್ಷಿಸಬಹುದು. ಚಿತ್ರಕ್ಕೆ ಅಡಿಟಿಪ್ಪಣಿಯಿಲ್ಲ. ಅಲ್ಲದೆ ವೆಲ್ಸನ ಮನವಿಯು ಆತನ ಪೂರ್ಣಸಂಕಲ್ಪವಲ್ಲ. ಇತರರು ಕಟ್ಟಿದ ರೂಪವನ್ನು ಒಪ್ಪಿಕೊಂಡು, ಅದರಲ್ಲಿ ಇಷ್ಟಾದರೂ ತಿದ್ದಿರೆಂದು ಕೇಳಿದ ಸಂಧಾನಪತ್ರ. ಆದ್ದರಿಂದ ೧೯೯೮ರ ರೂಪವನ್ನು ವೆಲ್ಸನ ಮೂಲವೆಂದು ಕರೆಯುವುದು ತಪ್ಪು. ಆತನ ಕೋರಿಕೆಯ ನೆರವೇರಿಕೆಯೆಂದರೆ ಸರಿ. ಮರ್ಚನ ಹಿರಿಮೆಯು ಆತನು ಮನವಿಯ ಎಲ್ಲೆಯನ್ನು ಮೀರದಿದ್ದುದರಲ್ಲಿದೆ. ೨೦೦೮ರಲ್ಲಿ ಚಿತ್ರದ ಮೂರು ರೂಪಗಳೂ ಒಟ್ಟಾಗಿ ಪ್ರಕಟವಾದುದರಿಂದ ಪಾಠಾಂತರಗಳ ಕೊರತೆಯೂ ಒಂದು ಮಟ್ಟಿಗೆ ತುಂಬಿತು.

೭

ಇಷ್ಟೇ ನಿಗ್ರಹವು ಎಲ್ಲೆಡೆಯೂ ಕಾಣುವುದಿಲ್ಲ. ೨೦೦೧ರಲ್ಲಿ ಕೊಪೊಲನೂ ಮರ್ಚನೂ ‘ಅಪಾಕ್ಲಿಪ್ಸ್ ನೌ’ ಚಿತ್ರಕ್ಕೆ ಹಿಂದೆ ಬಿಟ್ಟಿದ್ದ ಸುಮಾರು ೪೯ ನಿಮಿಷಗಳ ಭಾಗವನ್ನು ಮರಳಿ ಸೇರಿಸಿದರು. ಫ್ರೆಂಚರ ತೋಟದಮನೆಯ ದೀರ್ಘಪ್ರಸಂಗವು ಅದರಲ್ಲಿ ಮುಖ್ಯವಾದುದು. ಅಲ್ಲಿ ಯುದ್ಧದ ಇತಿಹಾಸವು ಊಟದ ಮೇಜಿನ ಸುತ್ತ ಮಾತಿನಲ್ಲಿ ವಿವರವಾಗುತ್ತದೆ. ವಿಷಯವು ತಿಳಿಯುತ್ತದೆ, ನದಿಯ ಮೇಲಣ ಪ್ರಯಾಣದ ಭಯವು ಮಾತ್ರ ಸಡಿಲವಾಗುತ್ತದೆ. ಫ್ಯಾನಿನ ಸದ್ದಿನಲ್ಲಿ ವ್ಯಂಗ್ಯವಾಗಿದ್ದುದು ಇಲ್ಲಿ ವಾಚ್ಯವಾಗಿದೆ. ಮರ್ಚನ ಸೂತ್ರದಿಂದಲೇ ತೂಗಿದರೆ ಕಥೆಯ ೨೩ಕ್ಕಾಗಿ ಭಾವದ ೫೧ನ್ನು ಕಳೆದುಕೊಂಡಂತಾಯಿತು. ೨೦೧೯ರಲ್ಲಿ ಕೊಪೊಲನು ಹೊರತಂದ ರೂಪವು ೨೦೦೧ರ ರೂಪಕ್ಕಿಂತ ಚಿಕ್ಕದಾಯಿತೆಂಬುದು ಈ ವಿಮರ್ಶೆಗೆ ಪೋಷಕವಾಗಿದೆ.

ಸಂಕಲನಕಾರನು ಸಂಪಾದಕನಂತೆ ಇದ್ದುದಕ್ಕೆ ವಿಧೇಯನು. ಗಮಕಿಯಂತೆ ಅರ್ಥಕ್ಕೆ ಹೊಣೆಗಾರನು. ಈ ಎರಡು ಧರ್ಮಗಳು ಒಂದನ್ನೊಂದು ಎಳೆಯುವ ಕಡೆಯಲ್ಲಿಯೇ ಆತನ ಕಲೆಯಿದೆ. ಅದನ್ನು ಅಳೆಯುವಾಗ ಸಂಧಿಗಳು ಕಾಣುವುವೋ ಇಲ್ಲವೋ ಎಂದು ಕೇಳುವುದಕ್ಕಿಂತ, ಎರಡು ತುಣುಕುಗಳ ನಡುವೆ, ಎರಡರಲ್ಲಿಯೂ ಇಲ್ಲದ ಯಾವ ಅರ್ಥವು ಹುಟ್ಟಿತು, ಅದು ರಸಕ್ಕೆ ಉಚಿತವಾಯಿತೆ ಎಂದು ಕೇಳುವುದು ಮೇಲು. ಪಕ್ಕಕ್ಕಿಟ್ಟ ಒಂದು ತಪ್ಪು ಉಚ್ಚಾರಣೆಯನ್ನು ನೆನಪಿನಲ್ಲಿಟ್ಟುಕೊಂಡು ತಕ್ಕ ಎಡೆಯಲ್ಲಿ ಇಟ್ಟ ಮರ್ಚನು ಈ ಪ್ರಶ್ನೆಗೆ ತನ್ನ ಮೊದಲ ಸಂಕಲನದಲ್ಲಿಯೇ ಉತ್ತರಕೊಟ್ಟಿದ್ದನು.